ಮೊಟ್ಟೆಗೆ ಪುರಾವೆ, ಬೆತ್ತಕ್ಕೆ ಚಪ್ಪಾಳೆ

ನಮ್ಮಲ್ಲಿ ಸರ್ಕಾರಿ ಯೋಜನೆ ಹುಟ್ಟುವ ಬಗೆ ನಿಮಗೆ ಗೊತ್ತೇ ಇದೆ. ಯಾರಿಗೋ ಏನೋ ಹೊಳೆಯುತ್ತದೆ. ಹೊಳೆದವರು ಮಂತ್ರಿಯಾಗಿದ್ದರೆ ಅದು ಯೋಜನೆ. ಮುಖ್ಯಮಂತ್ರಿಯಾಗಿದ್ದರೆ ಕನಸಿನ ಯೋಜನೆ. ಮುಂದೆ ಒಂದು ‘ಶ್ರೀ’, ಹಿಂದೆ ಒಂದು ‘ಭಾಗ್ಯ’. ಫ್ಲೆಕ್ಸ್ ಅಚ್ಚಿಗೆ ಹೋಗುತ್ತದೆ. ಇದನ್ನು ಎಲ್ಲಾದರೂ ಮಾಡಿ ನೋಡಿದ್ದಾರಾ, ಏನಾಯಿತು ಅಂತ ಕೇಳುವ ಒಬ್ಬ ಮನುಷ್ಯ ಆ ಕೋಣೆಯಲ್ಲಿರುವುದಿಲ್ಲ. ಇದ್ದರೂ ಅವನ ವರ್ಗಾವಣೆ ಆದೇಶ ಆಗಲೇ ಟೈಪ್ ಆಗುತ್ತಿರುತ್ತದೆ.

ಕೇಳಿದರೆ ಹೇಳುವವರು ಇಲ್ಲವೇ? ಧಾರಾಳವಾಗಿ ಇದ್ದಾರೆ.

ವೈದ್ಯಕೀಯಕ್ಕೆ ಕಾಕ್ರೇನ್ ಎಂಬ ಸಂಸ್ಥೆ 1993ರಿಂದ ಇದೆ. ಶಾಲೆ, ಅಪರಾಧ, ಬಡತನ, ಕಲ್ಯಾಣ ಕಾರ್ಯಕ್ರಮಗಳಿಗೆ ಕ್ಯಾಂಪ್‌ಬೆಲ್ ಎಂಬ ಸಂಸ್ಥೆ 2000ದಲ್ಲಿ ಶುರುವಾಯಿತು. ಬಡ ದೇಶಗಳ ಯೋಜನೆಗಳನ್ನು ಅಳೆಯಲೆಂದೇ 2008ರಲ್ಲಿ ತ್ರೀ-ಐಇ ಹುಟ್ಟಿತು. ಅದಕ್ಕೆ ದೆಹಲಿಯಲ್ಲೇ ಕಚೇರಿಯಿದೆ. ವಿಧಾನಸೌಧದಿಂದ ಎರಡೂವರೆ ತಾಸಿನ ವಿಮಾನ. ಅಧ್ಯಯನ ಪ್ರವಾಸಕ್ಕೆ ಯುರೋಪು ಸುತ್ತುವ ನಮ್ಮ ಶಾಸಕರಿಗೆ ಇಷ್ಟು ಹತ್ತಿರದ ಜಾಗ ರುಚಿಸುವುದಿಲ್ಲ ಅನ್ನಿ.

ಇವರು ಮಾಡುವ ಕೆಲಸಕ್ಕೆ ಸಿಸ್ಟಮ್ಯಾಟಿಕ್ ರಿವ್ಯೂ ಎನ್ನುತ್ತಾರೆ. ವ್ಯವಸ್ಥಿತ ಪರಾಮರ್ಶೆ. ಮೊದಲು ಪ್ರಶ್ನೆ ಬರೆದಿಡಬೇಕು. ಯಾವ ಅಧ್ಯಯನ ಸೇರಿಸುತ್ತೇವೆ, ಯಾವುದನ್ನು ಬಿಡುತ್ತೇವೆ ಎಂಬ ನಿಯಮವನ್ನೂ ಮೊದಲೇ ಪ್ರಕಟಿಸಬೇಕು. ಆಮೇಲೆ ಜಗತ್ತಿನಲ್ಲಿ ಆ ವಿಷಯದ ಮೇಲೆ ನಡೆದ ಅಧ್ಯಯನಗಳನ್ನೆಲ್ಲ ಜಾಲಾಡಬೇಕು. ಫಲಿತಾಂಶ ಸಪ್ಪೆಯಾಯಿತೆಂದು ಅಚ್ಚಾಗದೆ ಬೀರುವಿನಲ್ಲಿ ಉಳಿದದ್ದನ್ನೂ ಹುಡುಕಿ ತರಬೇಕು. ಕಳಪೆಯನ್ನು ಜರಡಿ ಹಿಡಿದು, ಉಳಿದದ್ದನ್ನು ಒಟ್ಟುಗೂಡಿಸಿ ಹೇಳಬೇಕು: ಇದು ಕೆಲಸ ಮಾಡುತ್ತದೆ, ಇದು ಮಾಡುವುದಿಲ್ಲ, ಇದು ಕೆಡುಕು ಮಾಡುತ್ತದೆ.

ನಮಗೆ ಬೇಕಾದ ಎರಡು ಅಧ್ಯಯನ ಇಟ್ಟುಕೊಂಡು ಬೇಡದ ಹತ್ತನ್ನು ಮುಚ್ಚಿಡುವ ಸೌಲಭ್ಯ ಇದರಲ್ಲಿಲ್ಲ. ಇಂಥದ್ದು ಯಾವ ಸರ್ಕಾರಕ್ಕೆ ಬೇಕು?

ಪರಾಮರ್ಶೆ ಮಾಡದಿದ್ದರೆ ಏನು ಮಹಾ ನಷ್ಟ ಎನ್ನುವವರಿಗೆ ಒಂದು ಲೆಕ್ಕ. ಹಸುಗೂಸುಗಳನ್ನು ಬೋರಲು ಮಲಗಿಸಿ ಎಂದು ಪಶ್ಚಿಮದ ವೈದ್ಯರು ದಶಕಗಟ್ಟಲೆ ಹೇಳಿದರು. ಡಾಕ್ಟರ್ ಸ್ಪಾಕ್ ಅವರಂಥ ಜಗದ್ವಿಖ್ಯಾತರು ಪುಸ್ತಕದಲ್ಲೇ ಬರೆದರು. 2005ರಲ್ಲಿ ಹಳೆಯ ಅಧ್ಯಯನಗಳನ್ನೆಲ್ಲ ಒಟ್ಟಿಗೆ ಹಾಕಿ ನೋಡಿದಾಗ ಗೊತ್ತಾದದ್ದು: ಬೋರಲು ಮಲಗಿಸಿದರೆ ಅಪಾಯ ಎಂಬುದು 1970ರ ಹೊತ್ತಿಗೇ ಕಾಗದದ ಮೇಲಿತ್ತು. ಕೂಡಿಸಿ ನೋಡಿದವರಿರಲಿಲ್ಲ. ಆಗಲೇ ನೋಡಿದ್ದರೆ ಬ್ರಿಟನ್ನಿನಲ್ಲಿ 10,000ಕ್ಕೂ ಹೆಚ್ಚು, ಯುರೋಪು, ಅಮೆರಿಕ, ಆಸ್ಟ್ರೇಲಿಯಾ ಭಾಗಗಳಲ್ಲಿ ಕನಿಷ್ಠ 50,000 ಕೂಸುಗಳು ಉಳಿಯಬಹುದಿತ್ತು ಎಂಬುದು ಸಂಶೋಧಕರ ಅಂದಾಜು.

ಯಾರೂ ರಾಜೀನಾಮೆ ಕೊಡಲಿಲ್ಲ. ಸಲಹೆ ಕೊಟ್ಟವರೆಲ್ಲ ಒಳ್ಳೆಯ ಮನಸ್ಸಿನವರು. ಒಳ್ಳೆಯ ಮನಸ್ಸಿನವರಷ್ಟು ಅಪಾಯಕಾರಿ ಜನ ಇನ್ನೊಬ್ಬರಿಲ್ಲ.

ಅಂಥದೇ ಒಳ್ಳೆಯ ಮನಸ್ಸು ಅಮೆರಿಕದ ನ್ಯೂಜೆರ್ಸಿಯ ರಾಹ್‌ವೇ ಜೈಲಿನಲ್ಲೂ ಕಾಣಿಸಿಕೊಂಡಿತು. 1970ರ ದಶಕ. ದಾರಿ ತಪ್ಪುತ್ತಿರುವ ಹುಡುಗರನ್ನು ಜೈಲಿಗೆ ಕರೆತಂದು ಬೆಂಚಿನ ಮೇಲೆ ಕೂರಿಸುವುದು. ಜೀವಾವಧಿ ಕೈದಿಗಳು ಅವರ ಮೂಗಿಗೆ ಮೂಗು ತಾಗಿಸಿ ಅರಚುವುದು. ಒಳಗೆ ಬಂದರೆ ನಿನಗೆ ಏನೇನು ಮಾಡುತ್ತೇವೆ ಗೊತ್ತಾ ಎಂದು ಬಿಡಿಸಿ ಹೇಳುವುದು. ಹುಡುಗರು ಗಡಗಡ ನಡುಗಬೇಕು. ನಡುಗಿದವರು ತಿದ್ದಿಕೊಳ್ಳಬೇಕು. ದಂಡಂ ದಶಗುಣಂ ಎಂಬ ನಮ್ಮಜ್ಜಂದಿರ ಮಾತಿಗೆ ನ್ಯೂಜೆರ್ಸಿ ಶಾಖೆ.

1978ರಲ್ಲಿ ಇದರ ಮೇಲೆ ‘ಸ್ಕೇರ್ಡ್ ಸ್ಟ್ರೇಟ್’ ಎಂಬ ಸಾಕ್ಷ್ಯಚಿತ್ರ ಬಂತು. ಹದಿನೇಳು ಹುಡುಗ ಹುಡುಗಿಯರು, ಒಂದು ಮಧ್ಯಾಹ್ನ, ಒಂದಿಷ್ಟು ಅರಚಾಟ. ಆಸ್ಕರ್ ಬಂತು. ಯಶಸ್ಸಿನ ಪ್ರಮಾಣ ಶೇಕಡ 90 ಮೀರಿದೆ ಎಂದು ಡಂಗುರ ಹೊಡೆದರು. ನೋಡಿದವರೆಲ್ಲ ತಮ್ಮೂರಿಗೂ ಬೇಕೆಂದರು. ಹತ್ತಾರು ಕಡೆ ನಕಲಾಯಿತು.

ರಟ್ಗರ್ಸ್ ವಿಶ್ವವಿದ್ಯಾಲಯದ ಜೇಮ್ಸ್ ಫಿಂಕೆನಾವರ್ ಎಂಬ ಅರಸಿಕ ಪ್ರಾಧ್ಯಾಪಕರು ಮಾತ್ರ ಲೆಕ್ಕ ಹಾಕಲು ಕೂತರು. ಜೈಲಿಗೆ ಹೋಗಿ ಬೈಸಿಕೊಂಡು ಬಂದ ಹುಡುಗರಲ್ಲಿ ಆಮೇಲೆ ತಪ್ಪು ಮಾಡಿದವರು ಶೇಕಡ 41. ಜೈಲಿನ ಕಡೆ ತಲೆಯನ್ನೂ ಹಾಕದವರಲ್ಲಿ ಶೇಕಡ 11.

ಒಂದು ಅಧ್ಯಯನ ತಪ್ಪಿರಬಹುದು ಎನ್ನೋಣ. ಆಂಥೊನಿ ಪೆಟ್ರೊಸಿನೊ ಮತ್ತು ಜೊತೆಗಾರರು ಕ್ಯಾಂಪ್‌ಬೆಲ್ ಸಂಸ್ಥೆಗಾಗಿ ಇಂಥ ಒಂಬತ್ತು ಪ್ರಯೋಗಗಳನ್ನು ಒಟ್ಟು ಮಾಡಿದರು. ಸುಮಾರು ಸಾವಿರ ಮಕ್ಕಳು. ಕೂಡಿ ಕಳೆದು ನೋಡಿದರೆ, ಹೆದರಿಸಿ ಕಳಿಸಿದ ಮಕ್ಕಳೇ ಹೆಚ್ಚು ಅಪರಾಧ ಮಾಡಿದ್ದರು. ಏನೂ ಮಾಡದೆ ಮನೆಯಲ್ಲಿ ಬಿಟ್ಟಿದ್ದರೇ ವಾಸಿಯಾಗಿತ್ತು. ಸರ್ಕಾರ ಸುಮ್ಮನಿದ್ದರೆ ಅಪರಾಧ ಕಡಿಮೆಯಾಗುತ್ತಿತ್ತು ಎಂಬ ಇಂಥ ಸುಲಭದ ಸಾಧನೆಯನ್ನೂ ದುಡ್ಡು ಕೊಟ್ಟು ತಪ್ಪಿಸಿಕೊಂಡರು.

ಇಷ್ಟೆಲ್ಲ ಗೊತ್ತಾದ ಮೇಲೆ ನಿಲ್ಲಿಸಿದರಾ? ನಿಲ್ಲಿಸುವುದೇ? 2011ರಲ್ಲಿ ಅದೇ ಸರಕಿನ ಹೊಸ ಟಿವಿ ಧಾರಾವಾಹಿ ಶುರುವಾಯಿತು. ಅಲ್ಲಿನ ನ್ಯಾಯ ಇಲಾಖೆಯ ಅಧಿಕಾರಿಗಳೇ ಪತ್ರಿಕೆಯಲ್ಲಿ ಲೇಖನ ಬರೆದು ಇದು ಹಾನಿಕರ ಎಂದರು. ಧಾರಾವಾಹಿ 2015ರವರೆಗೆ ಓಡಿತು. ಟಿಆರ್‌ಪಿಗೆ ಪುರಾವೆ ಬೇಕಿಲ್ಲ, ಅದೇ ಪುರಾವೆ.

ಇಲಿನಾಯ್ ರಾಜ್ಯದ್ದು ಇನ್ನೂ ಸೊಗಸು. ಶಿಕಾಗೊದ ಶಾಲಾ ಮಕ್ಕಳನ್ನು ಜೈಲು ತೋರಿಸಲು ಕರೆದೊಯ್ಯುವ ಕಾರ್ಯಕ್ರಮ ನಡೆಸಲೇಬೇಕು ಎಂಬ ಮಸೂದೆಗೆ 2003ರಲ್ಲಿ ಅಲ್ಲಿನ ಗವರ್ನರ್ ರಾಡ್ ಬ್ಲಗೋಯೆವಿಚ್ ಸಹಿ ಹಾಕಿದರು. ಮುಂದೆ ಭ್ರಷ್ಟಾಚಾರದ ಮೊಕದ್ದಮೆಯಲ್ಲಿ ಅದೇ ಗವರ್ನರಿಗೆ 14 ವರ್ಷದ ಶಿಕ್ಷೆಯಾಯಿತು. 2012ರಲ್ಲಿ ಒಳಗೆ ಹೋದರು. ಜೈಲು ತೋರಿಸಿದರೆ ಜನ ತಿದ್ದಿಕೊಳ್ಳುತ್ತಾರೆ ಎಂಬ ಸಿದ್ಧಾಂತವನ್ನು ಸ್ವಂತ ಖರ್ಚಿನಲ್ಲಿ ಪರೀಕ್ಷಿಸಿದ ರಾಜಕಾರಣಿ ಇವರೊಬ್ಬರೇ ಇರಬೇಕು. 2020ರಲ್ಲಿ ಅಧ್ಯಕ್ಷ ಟ್ರಂಪ್ ಬಿಡಿಸಿದರು.

ನಗಬೇಡಿ. ನಮ್ಮಲ್ಲಿ ರೌಡಿ ಪರೇಡ್ ಇದೆ. ಮೈದಾನದಲ್ಲಿ ಸಾಲಾಗಿ ನಿಲ್ಲಿಸುವುದು. ಸಾಹೇಬರು ಲಾಠಿ ಹಿಡಿದು ಬರುವುದು. ಉದ್ದ ಕೂದಲಿನವನ ಕೂದಲು ಹಿಡಿದೆಳೆಯುವುದು. ಕ್ಯಾಮೆರಾ ಇತ್ತ ತಿರುಗಿದೊಡನೆ ದನಿ ಏರಿಸಿ ‘ಬಾಲ ಬಿಚ್ಚಿದ್ರೆ ಕತ್ತರಿಸ್ತೀನಿ’ ಎನ್ನುವುದು. ಸಂಜೆಯ ಬುಲೆಟಿನ್‌ನಲ್ಲಿ ‘ಖಡಕ್ ವಾರ್ನಿಂಗ್’. ಪರೇಡಿಗೆ ಬಂದವನ ಹೆಸರು ಆಮೇಲೆ ಎಷ್ಟು ಎಫ್‌ಐಆರ್‌ಗಳಲ್ಲಿ ಕಾಣಿಸಿತು, ಪರೇಡಿಗೆ ಕರೆಯದೆ ಬಿಟ್ಟವನದು ಎಷ್ಟರಲ್ಲಿ ಎಂದು ಯಾರಾದರೂ ಪಕ್ಕಪಕ್ಕ ಇಟ್ಟು ನೋಡಿದ ವರದಿಯನ್ನು ನಿಮಗೆ ಯಾವ ಚಾನೆಲ್ಲಾದರೂ ತೋರಿಸಿದೆಯೇ? ಆ ರೌಡಿಗೂ ಪರೇಡು ಬೇಕು. ಟಿವಿಯಲ್ಲಿ ಬಂದರೆ ಏರಿಯಾದಲ್ಲಿ ರೇಟು ಏರುತ್ತದೆ.

ಹೆದರಿಸಿದರೆ ದಾರಿಗೆ ಬರುತ್ತಾರೆ ಎಂಬ ಈ ಭಕ್ತಿ ಲಾಠಿಗೆ ಮುಗಿಯುವುದಿಲ್ಲ, ಶಾಲೆಗೂ ಬರುತ್ತದೆ. ಅಲ್ಲಿ ಅದರ ಹೆಸರು ಫೇಲು.

ಎಂಟನೇ ತರಗತಿಯವರೆಗೆ ಮಕ್ಕಳನ್ನು ಫೇಲು ಮಾಡಬಾರದು ಎಂದು ಶಿಕ್ಷಣ ಹಕ್ಕು ಕಾಯ್ದೆ ಹೇಳಿತ್ತು. 2019ರಲ್ಲಿ ತಿದ್ದುಪಡಿ ತಂದರು. 2024ರ ಡಿಸೆಂಬರಿನಲ್ಲಿ ಕೇಂದ್ರ ತನ್ನ ನಿಯಮ ಹೊರಡಿಸಿತು: ಐದು, ಎಂಟನೇ ತರಗತಿಯಲ್ಲಿ ಪರೀಕ್ಷೆ, ಎರಡು ತಿಂಗಳೊಳಗೆ ಮರುಪರೀಕ್ಷೆ, ಅದರಲ್ಲೂ ಆಗದಿದ್ದರೆ ಅದೇ ಬೆಂಚು. ಮಗು ಮತ್ತೆ ಒಂದು ವರ್ಷ ಅದೇ ಪಾಠ, ಅದೇ ಮೇಷ್ಟ್ರು. ಮೊದಲ ಸಲ ಕಲಿಸಲಾಗದವರು ಎರಡನೇ ಸಲ ಹೇಗೆ ಕಲಿಸುತ್ತಾರೆ ಎಂಬುದು ನಿಯಮದಲ್ಲಿಲ್ಲ.

ಇದರ ಬಗ್ಗೆಯೂ ಜಗತ್ತು ಲೆಕ್ಕ ಹಾಕಿ ಇಟ್ಟಿದೆ. ಇಂಗ್ಲೆಂಡಿನ ಎಜುಕೇಶನ್ ಎಂಡೋಮೆಂಟ್ ಫೌಂಡೇಶನ್ ಅಧ್ಯಯನಗಳನ್ನು ಒಟ್ಟುಗೂಡಿಸಿ ಹೇಳುವುದು: ಅದೇ ತರಗತಿಯಲ್ಲಿ ಉಳಿಸಿದ ಮಗು, ಮುಂದಕ್ಕೆ ಹೋದ ತನ್ನಂಥದೇ ಮಗುವಿಗಿಂತ ಸರಾಸರಿ ಮೂರು ತಿಂಗಳು ಹಿಂದೆ ಬೀಳುತ್ತದೆ. ಖರ್ಚು ಮಾತ್ರ ಒಂದು ಇಡೀ ವರ್ಷದ್ದು. 2021ರಲ್ಲಿ ಬಂದ ಇನ್ನೊಂದು ದೊಡ್ಡ ಪರಾಮರ್ಶೆಯ ಪ್ರಕಾರ ಸರಾಸರಿ ಪರಿಣಾಮ ಹೆಚ್ಚುಕಡಿಮೆ ಸೊನ್ನೆ. ಅಂದರೆ ಪಂಡಿತರಲ್ಲಿ ಜಗಳ ಇರುವುದು ನಷ್ಟವೋ ಸೊನ್ನೆಯೋ ಎಂಬುದರ ಮೇಲೆ. ಲಾಭ ಎಂಬ ಪಕ್ಷಕ್ಕೆ ವಕೀಲರು ಸಿಗುವುದು ಕಷ್ಟ. ಆ ವಕಾಲತ್ತು ವಹಿಸಿದವರು ನಮ್ಮ ಡ್ರಾಯಿಂಗ್ ರೂಮುಗಳಲ್ಲಿ ಕೂತಿದ್ದಾರೆ. ‘ನಮ್ ಕಾಲ್ದಲ್ಲಿ ಫೇಲ್ ಮಾಡ್ತಿದ್ರು ಸಾರ್, ಅದಕ್ಕೇ ನಾವು ಈ ಮಟ್ಟಕ್ಕೆ ಬಂದಿದ್ದು.’ ಆಗ ಫೇಲಾಗಿ ಶಾಲೆ ಬಿಟ್ಟವನು ಇವರ ಡ್ರಾಯಿಂಗ್ ರೂಮಿಗೆ ಬರುವುದು ಫ್ಯಾನು ರಿಪೇರಿಗೆ. ಅವನ ಅಭಿಪ್ರಾಯ ಯಾರೂ ಕೇಳುವುದಿಲ್ಲ.

ಕರ್ನಾಟಕದ ಮಕ್ಕಳ ಪಾಡು ಇನ್ನೂ ಚೆನ್ನ. 2023-24ರ ಸಾಲಿನಲ್ಲಿ ಐದು, ಎಂಟು, ಒಂಬತ್ತು, ಹನ್ನೊಂದಕ್ಕೆ ಪಬ್ಲಿಕ್ ಪರೀಕ್ಷೆ ಎಂದರು. ಹೈಕೋರ್ಟಿನ ಏಕಸದಸ್ಯ ಪೀಠ ಬೇಡವೆಂದಿತು. ವಿಭಾಗೀಯ ಪೀಠ ಇರಲಿ ಎಂದಿತು. ಶುರುವಾದ ಪರೀಕ್ಷೆ ನಡುವೆ ನಿಂತಿತು. ಮತ್ತೆ ಶುರುವಾಯಿತು. ಬರೆದು ಮುಗಿಸಿದ ಮೇಲೆ ಫಲಿತಾಂಶಕ್ಕೆ ಸುಪ್ರೀಂ ಕೋರ್ಟ್ ತಡೆ. ಹತ್ತು ವರ್ಷದ ಮಕ್ಕಳಿಗೆ ಗಣಿತ ಬಂತೋ ಇಲ್ಲವೋ, ತಡೆಯಾಜ್ಞೆ ಅಂದರೇನು ಎಂಬುದು ಬಾಯಿಪಾಠವಾಯಿತು.

ಬಡವರ ಸಾಲದ ಕತೆಗೆ ಬನ್ನಿ. ಇದು ಹೆದರಿಸುವುದರಿಂದ ಶುರುವಾಗಲಿಲ್ಲ, ಮುದ್ದು ಮಾಡುವುದರಿಂದ. ಹೆಂಗಸರಿಗೆ ಗುಂಪಿನಲ್ಲಿ ಸಣ್ಣ ಸಾಲ ಕೊಡಿ, ಎಮ್ಮೆ ಕೊಳ್ಳುತ್ತಾರೆ, ಹೊಲಿಗೆ ಯಂತ್ರ ಕೊಳ್ಳುತ್ತಾರೆ, ಬಡತನ ಮ್ಯೂಸಿಯಂ ಸೇರುತ್ತದೆ ಎಂದರು. 2006ರಲ್ಲಿ ನೊಬೆಲ್ ಶಾಂತಿ ಪ್ರಶಸ್ತಿಯೂ ಬಂತು. ಪ್ರಶಸ್ತಿ ಮೊದಲು, ಪರೀಕ್ಷೆ ಆಮೇಲೆ.

2011ರಲ್ಲಿ ಬ್ರಿಟಿಷ್ ಸರ್ಕಾರದ ದುಡ್ಡಿನಲ್ಲೇ ಮಾರೆನ್ ಡುವೆಂಡಾಕ್ ಮತ್ತಿತರರು ವ್ಯವಸ್ಥಿತ ಪರಾಮರ್ಶೆ ಮಾಡಿದರು. ಇಷ್ಟೊಂದು ಸಂಭ್ರಮಕ್ಕೆ ನೆಚ್ಚಬಹುದಾದ ಪುರಾವೆಯೇ ಸಿಗಲಿಲ್ಲ. 2015ರಲ್ಲಿ ಆರು ದೇಶಗಳ ಪ್ರಯೋಗಗಳು ಒಟ್ಟಿಗೆ ಪ್ರಕಟವಾದವು. ಅದರಲ್ಲಿ ನಮ್ಮ ಹೈದರಾಬಾದಿನ ಬಡಾವಣೆಗಳೂ ಇದ್ದವು. ಕೆಲವರ ಅಂಗಡಿ ಸ್ವಲ್ಪ ದೊಡ್ಡದಾಯಿತು. ಪವಾಡವೇನೂ ಆಗಲಿಲ್ಲ. ಪಾಪ, ಸಾಲ ಸಾಲವಾಗಿತ್ತು ಅಷ್ಟೆ.

ಪರಾಮರ್ಶೆ ಓದುವ ವ್ಯವಧಾನ ಬೇಡ, ಪಕ್ಕದ ಊರನ್ನು ನೋಡಬಹುದಿತ್ತು. 2009ರಲ್ಲಿ ಕೋಲಾರದಲ್ಲಿ ಮರುಪಾವತಿ ನಿಂತು ಗಲಾಟೆಯಾಯಿತು. 2010ರಲ್ಲಿ ಆಂಧ್ರ ಸುಗ್ರೀವಾಜ್ಞೆ ತಂದಿತು. ನಾವು ಹದಿನೈದು ವರ್ಷ ನಿದ್ದೆ ಮಾಡಿ, ಜನ ಊರು ಬಿಟ್ಟು, ಪ್ರಾಣ ಬಿಟ್ಟು ಸುದ್ದಿಯಾದ ಮೇಲೆ 2025ರ ಫೆಬ್ರವರಿಯಲ್ಲಿ ಸುಗ್ರೀವಾಜ್ಞೆ ತಂದೆವು. ಅಷ್ಟರಲ್ಲಿ ವಸೂಲಿಯವರು ಮನೆಯ ಗೋಡೆಯ ಮೇಲೆ ‘ಈ ಮನೆ ಅಡಮಾನವಾಗಿದೆ’ ಎಂದು ಬಣ್ಣದಲ್ಲಿ ಬರೆದು ಹೋಗುವ ಹಂತ ಮುಟ್ಟಿತ್ತು. ಒಳಗೆ ಒಬ್ಬಳ ಕಂತು ಬಾಕಿ, ಹೊರಗೆ ಗುಂಪಿನ ಉಳಿದ ಹೆಂಗಸರು ಜಗಲಿಯ ಮೇಲೆ ಕೂತು ಕಾಯುವುದು. ಅವಳು ಕಟ್ಟದಿದ್ದರೆ ಇವರು ಕಟ್ಟಬೇಕು. ಸಬಲೀಕರಣ ಎಂದು ಇದಕ್ಕೇ ಅನ್ನುತ್ತಿದ್ದರು.

ಪಂಡಿತರೆಲ್ಲ ಸಾಚಾ ಎಂದೇನೂ ಅಲ್ಲ. ಪರಾಮರ್ಶೆಗಳಲ್ಲಿ ಅರ್ಧಕ್ಕರ್ಧ ‘ಇನ್ನಷ್ಟು ಸಂಶೋಧನೆ ಬೇಕು’ ಎಂದು ಮುಗಿಯುತ್ತವೆ. ಬೇಕು ಸ್ವಾಮಿ, ಸಂಬಳವೂ ನಡೆಯಬೇಕಲ್ಲ. ಜಂತುಹುಳದ ಮಾತ್ರೆಯನ್ನೇ ನೋಡಿ. ಶಾಲೆಯ ಎಲ್ಲ ಮಕ್ಕಳಿಗೂ ಪರೀಕ್ಷೆ ಮಾಡದೆ ಮಾತ್ರೆ ನುಂಗಿಸಿದರೆ ಸರಾಸರಿ ತೂಕವಾಗಲಿ ಹಾಜರಾತಿಯಾಗಲಿ ಹೇಳಿಕೊಳ್ಳುವಷ್ಟು ಏರುವುದಿಲ್ಲ ಎಂದು ಕಾಕ್ರೇನ್ ಪರಾಮರ್ಶೆ ಹೇಳುತ್ತದೆ. ಅಲ್ಲ, ಏರುತ್ತದೆ ಎಂದು ಕೀನ್ಯಾದ ಶಾಲೆಗಳಲ್ಲಿ ನಡೆದ ಪ್ರಯೋಗದ ಲೆಕ್ಕ ಹಿಡಿದು ಅರ್ಥಶಾಸ್ತ್ರಜ್ಞರು ತಿರುಗಿಬಿದ್ದರು. 2015ರಲ್ಲಿ ಇವರ ಕಿತ್ತಾಟ ಬೀದಿಗೆ ಬಂತು. ಅದೇ ವರ್ಷ ಫೆಬ್ರವರಿಯಲ್ಲಿ ನಾವು ರಾಷ್ಟ್ರೀಯ ಜಂತುಹುಳ ನಿವಾರಣಾ ದಿನ ಶುರು ಮಾಡಿದೆವು. ಉತ್ತರ ಪ್ರದೇಶದಲ್ಲಿ ಹತ್ತು ಲಕ್ಷ ಮಕ್ಕಳ ಮೇಲೆ ವರ್ಷಗಟ್ಟಲೆ ನಡೆದ ಪ್ರಯೋಗದ ಫಲ 2013ರಲ್ಲೇ ಬಂದಿತ್ತು. ಮಾತ್ರೆಯಿಂದ ಮಕ್ಕಳ ಸಾವು ಕಡಿಮೆಯಾದದ್ದು ಕಾಣಲಿಲ್ಲ. ಮಾತ್ರೆ ಅಗ್ಗ, ಹುಳ ಇರುವ ಮಗುವಿಗೆ ಅದು ಬೇಕೇ ಬೇಕು, ಆ ಬಗ್ಗೆ ತಕರಾರಿಲ್ಲ. ಕೊಡಿ. ಆದರೆ ಮಾತ್ರೆ ನುಂಗಿಸಿ ಫೋಟೊ ತೆಗೆದು, ಕಕ್ಕಸಿಗೆ ನೀರಿಲ್ಲದ ಶಾಲೆಗೆ ಮಗುವನ್ನು ವಾಪಸ್ ಕಳಿಸಿ, ಆರೋಗ್ಯ ಕ್ರಾಂತಿ ಎನ್ನಬೇಡಿ.

ದೇಶದಲ್ಲಿ ಅಳೆಯುವ ವ್ಯವಸ್ಥೆಯೇ ಇಲ್ಲವೇ ಎಂದು ಕೇಳುವಿರಿ. ಇತ್ತು. ಸ್ವತಂತ್ರ ಮೌಲ್ಯಮಾಪನ ಕಚೇರಿ ಎಂದು ಕೇಂದ್ರದಲ್ಲಿ ಒಂದನ್ನು ಕಟ್ಟಿದರು. 2014ರಲ್ಲಿ ಅದು ಧೈರ್ಯ ಮಾಡಿ ಯೋಜನಾ ಆಯೋಗವನ್ನು ಮುಚ್ಚಿ ಎಂದು ವರದಿ ಕೊಟ್ಟಿತು. ಸರ್ಕಾರ ಯೋಜನಾ ಆಯೋಗವನ್ನೂ ಮುಚ್ಚಿತು, ವರದಿ ಕೊಟ್ಟ ಕಚೇರಿಯನ್ನೂ ಮುಚ್ಚಿತು. ಸ್ವತಂತ್ರ ಎಂಬ ಪದವನ್ನು ಬೋರ್ಡಿನಲ್ಲಿ ಬರೆದದ್ದೇ ತಪ್ಪಾಗಿರಬೇಕು.

ನಮ್ಮ ರಾಜ್ಯದಲ್ಲಿ ಕರ್ನಾಟಕ ಮೌಲ್ಯಮಾಪನ ಪ್ರಾಧಿಕಾರ 2011ರಿಂದ ಇದೆ. ಹೌದು, ಇದೆ. ನಿಮಗೆ ಗೊತ್ತಿರಲಿಲ್ಲ ಅಲ್ಲವೇ? ಬೇಜಾರಿಲ್ಲ, ಎಷ್ಟೋ ಶಾಸಕರಿಗೂ ಗೊತ್ತಿರಲಿಕ್ಕಿಲ್ಲ. ಮೌಲ್ಯಮಾಪನ ವರದಿ ಹೀಗೆ ಹೇಳಿದೆ, ಆದ್ದರಿಂದ ನಮ್ಮ ಯೋಜನೆಯನ್ನು ನಿಲ್ಲಿಸುತ್ತೇವೆ ಎಂದು ಬಜೆಟ್ ಭಾಷಣದಲ್ಲಿ ಮೇಜು ಕುಟ್ಟಿಸಿಕೊಂಡ ಮುಖ್ಯಮಂತ್ರಿಯನ್ನು ತೋರಿಸಿ, ನಾನು ಅಂಕಣ ಬರೆಯುವುದು ಬಿಡುತ್ತೇನೆ.

2015ರಲ್ಲಿ ಮನೆಮನೆಗೆ ಮೇಷ್ಟ್ರುಗಳನ್ನು ಕಳಿಸಿ ನಡೆಸಿದ ಸಾಮಾಜಿಕ, ಶೈಕ್ಷಣಿಕ ಸಮೀಕ್ಷೆಗೆ 160 ಕೋಟಿಗೂ ಹೆಚ್ಚು ಖರ್ಚಾಯಿತು. ವರದಿ ಸರ್ಕಾರದ ಕೈಗೆ ಬಂದದ್ದು 2024ರಲ್ಲಿ. ಸಂಪುಟದಲ್ಲಿ ಲಕೋಟೆ ಒಡೆದದ್ದು 2025ರಲ್ಲಿ. ಒಡೆದು ನೋಡಿ, ಅಯ್ಯೋ ಅಂಕಿಅಂಶ ಹಳೆಯದಾಗಿದೆ, ಮತ್ತೆ ಸಮೀಕ್ಷೆ ಮಾಡೋಣ ಎಂದರು. ಹತ್ತು ವರ್ಷ ಹುಳಿ ಬರಿಸಿದವರು ಯಾರು ಎಂಬುದಕ್ಕೆ ಇನ್ನೊಂದು ಸಮಿತಿ ಮಾಡಬಹುದು.

ಇವರಿಗೆ ಪುರಾವೆ ಎಂದರೆ ಅಲರ್ಜಿ ಎಂದುಕೊಂಡರೆ ಅದೂ ತಪ್ಪು. ಬೇಡದ ಕೆಲಸ ಎದುರಾದಾಗ ಇವರಷ್ಟು ಕಟ್ಟುನಿಟ್ಟಿನ ವಿಜ್ಞಾನಿಗಳು ಭೂಮಿಯ ಮೇಲೆ ಸಿಗುವುದಿಲ್ಲ. ಮೊಟ್ಟೆಯನ್ನು ನೆನಪಿಸಿಕೊಳ್ಳಿ.

2021ರ ಡಿಸೆಂಬರಿನಲ್ಲಿ ಬೀದರ್, ರಾಯಚೂರು, ಕಲಬುರಗಿ, ಯಾದಗಿರಿ, ಕೊಪ್ಪಳದಂಥ ಜಿಲ್ಲೆಗಳ ಶಾಲೆಗಳಲ್ಲಿ ಬಿಸಿಯೂಟದ ಜೊತೆ ಮೊಟ್ಟೆ ಕೊಡಲು ಹೊರಟರು. ಬೇಡದವರಿಗೆ ಬಾಳೆಹಣ್ಣು. ಅಪೌಷ್ಟಿಕತೆ ತೀರ ಕೆಟ್ಟದಾಗಿರುವ ಜಿಲ್ಲೆಗಳಿವು. ಆಗ ಎದ್ದರು ನೋಡಿ. ಮಠಗಳಿಂದ ಹೇಳಿಕೆ, ಧರಣಿಯ ಬೆದರಿಕೆ. ಮೊಟ್ಟೆ ತಿಂದರೆ ಬುದ್ಧಿ ಬರುತ್ತದೆಯೇ? ಪುರಾವೆ ಏನು? ಸಾತ್ವಿಕತೆಗೆ ಧಕ್ಕೆಯಾದರೆ ಹೊಣೆ ಯಾರು? ಗಂಗಾವತಿಯ ಒಬ್ಬ ಶಾಲಾ ಬಾಲಕಿ ಮೈಕು ಹಿಡಿದು, ನಮಗೆ ಮೊಟ್ಟೆ ಕೊಡದಿದ್ದರೆ ನಿಮ್ಮ ಮಠಕ್ಕೇ ಬಂದು ತಿನ್ನುತ್ತೇವೆ ಎಂದು ಸ್ವಾಮೀಜಿಗಳಿಗೆ ಹೇಳಿದಳು. ಇಡೀ ಚರ್ಚೆಯಲ್ಲಿ ಹಸಿವಿನ ಪರವಾಗಿ ಮಾತಾಡಿದ ಏಕೈಕ ತಜ್ಞೆ ಅವಳು.

2022ರಲ್ಲಿ ಶಿಕ್ಷಣ ನೀತಿಗೆಂದು ರಾಜ್ಯವೇ ಮಾಡಿಸಿದ ನಿಲುವು ಪತ್ರವೊಂದು ಹೊರಬಂತು. ಭಾರತೀಯರದು ಸಣ್ಣ ಮೈಕಟ್ಟಂತೆ. ಮೊಟ್ಟೆ, ಮಾಂಸ ನಿತ್ಯ ತಿಂದರೆ ಕೊಲೆಸ್ಟರಾಲ್ ಏರಿ ಜೀವನಶೈಲಿಯ ಕಾಯಿಲೆ ಬರುತ್ತದಂತೆ. ಯಾದಗಿರಿಯ ಆರನೇ ತರಗತಿಯ ಹುಡುಗಿಗೆ ಜೀವನಶೈಲಿಯ ಕಾಯಿಲೆ! ಮೊದಲು ಜೀವನ ಕೊಡಿ, ಶೈಲಿ ಆಮೇಲೆ ನೋಡೋಣ.

ಶಾಲೆಯ ಊಟದ ಮೇಲಿನ ಪರಾಮರ್ಶೆ 2007ರಿಂದಲೇ ಇದೆ. ಕಾಕ್ರೇನ್, ಕ್ಯಾಂಪ್‌ಬೆಲ್ ಎರಡರ ಮುದ್ರೆಯೂ ಅದರ ಮೇಲಿದೆ. ಬಡ ದೇಶಗಳಲ್ಲಿ ಊಟ ಕೊಟ್ಟ ಶಾಲೆಯ ಮಕ್ಕಳ ತೂಕ ಕೊಂಚ ಹೆಚ್ಚಾಗುತ್ತದೆ, ವರ್ಷಕ್ಕೆ ನಾಲ್ಕಾರು ದಿನ ಹೆಚ್ಚು ಶಾಲೆಗೆ ಬರುತ್ತಾರೆ, ಲೆಕ್ಕವೂ ಸ್ವಲ್ಪ ಸುಧಾರಿಸುತ್ತದೆ. ಉತ್ಪ್ರೇಕ್ಷೆಯಿಲ್ಲದ, ಪ್ರಾಮಾಣಿಕ, ಸಣ್ಣ ಲಾಭ. ನಮ್ಮ ಗದಗದ ಗ್ರಾಮೀಣಾಭಿವೃದ್ಧಿ ವಿಶ್ವವಿದ್ಯಾಲಯವೂ ಮೊಟ್ಟೆ ಸಿಕ್ಕ ಯಾದಗಿರಿಯ ಮಕ್ಕಳನ್ನು ಸಿಗದ ಗದಗದ ಮಕ್ಕಳೊಂದಿಗೆ ತೂಗಿ ನೋಡಿತು. ಯಾದಗಿರಿಯವರ ತೂಕ ಹೆಚ್ಚು ಏರಿತ್ತು. ಪುರಾವೆ ಕೇಳಿದವರು ಪುರಾವೆ ಬಂದ ದಿನ ಎಲ್ಲಿ ಹೋಗಿದ್ದರೋ, ಯಾವ ಮಠದಿಂದಲೂ ಪತ್ರಿಕಾ ಹೇಳಿಕೆ ಬಂದದ್ದು ಕಾಣೆ.

ಜೈಲು ಪ್ರವಾಸಕ್ಕೆ ಪುರಾವೆ ಬೇಡ. ಪರೇಡಿಗೆ ಬೇಡ. ಫೇಲಿಗೆ ಬೇಡ. ಆರು ರೂಪಾಯಿಯ ಮೊಟ್ಟೆಗೆ ಮಾತ್ರ ಶಾಸ್ತ್ರ, ವಿಜ್ಞಾನ, ಪೌಷ್ಟಿಕಾಂಶ ಪಟ್ಟಿ, ನೋಟರಿ ಸಹಿ.

ಈಗ ಮೊಟ್ಟೆ ವಾರಕ್ಕೆ ಆರು ದಿನವಾಗಿದೆ. ಅದಕ್ಕೂ ಸರ್ಕಾರದ ಕೈ ಸಾಲದೆ ಅಜೀಂ ಪ್ರೇಮ್‌ಜಿ ಫೌಂಡೇಶನ್ 2024ರಲ್ಲಿ ಮೂರು ವರ್ಷಕ್ಕೆ 1,500 ಕೋಟಿ ಕೊಡಲು ಮುಂದೆ ಬರಬೇಕಾಯಿತು. ಮೊಟ್ಟೆಯ ಬೆಲೆ, ಬೇಯಿಸುವ ಗ್ಯಾಸು, ಸುಲಿಯುವ ಕೂಲಿ ಎಲ್ಲ ಸೇರಿ ಒಂದಕ್ಕೆ 6 ರೂಪಾಯಿ ಎಂದು ಇಲಾಖೆ ಲೆಕ್ಕ ಕಟ್ಟಿತು. ಸಂತೆಯಲ್ಲಿ ಹಸಿ ಮೊಟ್ಟೆಯೇ ಆರು ದಾಟಿದಾಗ ಹೆಡ್‌ಮಾಸ್ಟರ್‌ಗಳು ಜೇಬಿಗೆ ಕೈ ಹಾಕಿದರು. ಕೋಳಿಗೆ ಸುತ್ತೋಲೆ ಕಳಿಸುವ ವ್ಯವಸ್ಥೆ ಇನ್ನೂ ಬಂದಿಲ್ಲ. ಮೊಟ್ಟೆಗೆ ಅಷ್ಟೆಲ್ಲ ಪುರಾವೆ ಕೇಳಿದ ದೇಶಭಕ್ತರಲ್ಲಿ ಒಬ್ಬರಾದರೂ ಆ ಆರು ರೂಪಾಯಿಯ ಲೆಕ್ಕಕ್ಕೆ ಪುರಾವೆ ಕೇಳಲಿಲ್ಲ.